ಕಥೆಯನ್ನು ನಕ್ಷೆ ಅಂತ ಓದಿದವರು, ವರದಿ ಅಂತ ಓದಿದವರು

ಅಮೆರಿಕದಲ್ಲಿ ಪಾಲಂತಿರ್ ಅನ್ನುವ ಕಂಪನಿ ಇದೆ. 2003ರಲ್ಲಿ ಶುರುವಾದದ್ದು. ಬೇರೆ ಬೇರೆ ಕಡೆ ರಾಶಿ ಬಿದ್ದಿರುವ ಮಾಹಿತಿಯನ್ನು ಒಂದೆಡೆ ಜೋಡಿಸಿ, ಯಾರು ಎಲ್ಲಿದ್ದಾರೆ, ಯಾರಿಗೆ ಯಾರ ನಂಟು ಅಂತ ತೋರಿಸುವ ಸಾಫ್ಟ್‌ವೇರ್ ಮಾಡುತ್ತದೆ. ಅಲ್ಲಿನ ಗುಪ್ತಚರ ಸಂಸ್ಥೆಗಳು, ಸೇನೆ, ವಲಸೆ ಇಲಾಖೆ ಎಲ್ಲ ಇದರ ಗಿರಾಕಿಗಳು. ಹೆಸರು ಬಂದದ್ದು ಟೋಲ್ಕಿನ್ ಬರೆದ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ನಿಂದ. 2017ರಲ್ಲಿ ಹುಟ್ಟಿದ ಯುದ್ಧೋಪಕರಣಗಳ ಕಂಪನಿ ಆಂಡುರಿಲ್ ಕೂಡ ಅದೇ ಪುಸ್ತಕದಲ್ಲಿ ಬರುವ ಒಬ್ಬ ರಾಜನ ಕತ್ತಿಯ ಹೆಸರು ಇಟ್ಟುಕೊಂಡಿದೆ. 2021ರ ಅಕ್ಟೋಬರಿನಲ್ಲಿ ಫೇಸ್‌ಬುಕ್ ಕಂಪನಿ ತನ್ನ ಹೆಸರನ್ನು ಮೆಟಾ ಅಂತ ಬದಲಿಸಿಕೊಂಡಿತಲ್ಲ, ಅದರ ಹಿಂದಿರುವ ಮೆಟಾವರ್ಸ್ ಕಲ್ಪನೆ, ಅಂದರೆ ಕಂಪ್ಯೂಟರ್ ಒಳಗೆ ಕಟ್ಟಿದ ಲೋಕದ ಕಲ್ಪನೆ, ನೀಲ್ ಸ್ಟೀಫನ್‌ಸನ್ 1992ರಲ್ಲಿ ಬರೆದ ‘ಸ್ನೋ ಕ್ರ್ಯಾಶ್’ ಕಾದಂಬರಿಯದು. ಸ್ಪೇಸ್‌ಎಕ್ಸ್‌ನ ರಾಕೆಟ್‌ಗಳು ಸಮುದ್ರದಲ್ಲಿ ಬಂದಿಳಿಯುವ ಹಡಗುಗಳಿಗೂ ಇಯಾನ್ ಬ್ಯಾಂಕ್ಸ್ ಕಾದಂಬರಿಗಳ ಬಾಹ್ಯಾಕಾಶ ನೌಕೆಗಳ ಹೆಸರೇ ಇದೆ.

ಇಷ್ಟಪಟ್ಟು ಓದಿದ ಕಥೆಯಿಂದ ಹೆಸರು ತಗೊಂಡರೆ ತಪ್ಪೇನು ಅಂತ ಕೇಳಬಹುದು. ತಪ್ಪೇನಿಲ್ಲ. ಆದರೆ ಹೆಸರಿನ ಜತೆಗೆ ಒಂದು ಓದೂ ಬರುತ್ತದೆ. ಜಗತ್ತಿನ ಅತಿ ದೊಡ್ಡ ದುಡ್ಡು ಕೈಯಲ್ಲಿರುವ ಕೆಲವರು ಕಥೆಗಳನ್ನು ನಕ್ಷೆ ಅಂತ ಓದುತ್ತಿದ್ದಾರೆ, ಅದರಲ್ಲಿ ಬರೆದದ್ದನ್ನು ಕಟ್ಟಿಬಿಡಬೇಕು ಅಂತ ಹೊರಟಿದ್ದಾರೆ. ನಮ್ಮ ಕಡೆ ಇನ್ನೊಂದು ಬಗೆಯ ಓದು ನಡೆಯುತ್ತಿದೆ. ಪುರಾಣದಲ್ಲೋ ಹಳೆಯ ಸಂಸ್ಕೃತ ಪಠ್ಯದಲ್ಲೋ ಬರುವ ಅದ್ಭುತವನ್ನು ಹಿಂದೊಮ್ಮೆ ನಿಜವಾಗಿ ನಡೆದದ್ದರ ವರದಿ ಅಂತ ಓದುವುದು. ನೋಡಲು ಎರಡೂ ಬೇರೆ ಬೇರೆ. ಎರಡರಲ್ಲೂ ಕಾಣೆಯಾಗಿರುವುದು ಮಾತ್ರ ಒಂದೇ, ಕಥೆಯನ್ನು ಕಥೆಯಾಗಿ ಓದುವುದು. ವಿಜ್ಞಾನ ಕಥೆ, ಫ್ಯಾಂಟಸಿ ಇವನ್ನೆಲ್ಲ ವಿಶ್ವವಿದ್ಯಾಲಯದಲ್ಲಿ ಕೂತು ಓದುವುದರಿಂದ ಯಾರಿಗೆ ಏನು ಲಾಭ ಅಂತ ಕೇಳುವವರು ಜಾಸ್ತಿ. ಆ ಪ್ರಶ್ನೆಗೆ ಉತ್ತರ ಇಲ್ಲೇ ಇದೆ ಅನ್ನುವುದು ನನ್ನ ವಾದ.

ಮೊದಲು ಪಾಲಂತಿರ್ ಏನು ಅಂತ ನೋಡೋಣ. ಟೋಲ್ಕಿನ್ ಕಥೆಯಲ್ಲಿ ಅವು ದೂರದ್ದನ್ನು ತೋರಿಸುವ ಕಲ್ಲಿನ ಗೋಳಗಳು. ಕಲ್ಲು ಸುಳ್ಳು ತೋರಿಸುವುದಿಲ್ಲ. ಕಥೆಯ ಬಿಗಿ ಇರುವುದೇ ಅಲ್ಲಿ. ಗೊಂಡೋರ್ ರಾಜ್ಯವನ್ನು ನೋಡಿಕೊಳ್ಳುವ ಡೆನೆಥಾರ್ ತನ್ನ ಶತ್ರುವಿಗಿಂತ ಜಾಸ್ತಿ ತಿಳಿದುಕೊಳ್ಳಬೇಕು ಅಂತ ಆ ಕಲ್ಲಿನಲ್ಲಿ ನೋಡುತ್ತಾನೆ. ಇನ್ನೊಂದು ಕಲ್ಲು ಶತ್ರುವಿನ ಕೈಯಲ್ಲಿದೆ, ಇವನಿಗೆ ಏನು ಕಾಣಬೇಕು ಅನ್ನುವುದನ್ನು ಅವನು ತಿರುಗಿಸಬಲ್ಲ. ಕಪ್ಪು ಹಾಯಿಯ ಹಡಗುಗಳ ದಂಡು ನದಿಯಲ್ಲಿ ಮೇಲೇರಿ ಬರುತ್ತಿರುವುದು ಡೆನೆಥಾರ್‌ನಿಗೆ ಗೊತ್ತಾಗುತ್ತದೆ. ಹಡಗುಗಳು ನಿಜ. ಅವುಗಳಲ್ಲಿ ಇರುವುದು ತನ್ನನ್ನು ಉಳಿಸಲು ಬರುತ್ತಿರುವವರು ಅನ್ನುವುದು ಅವನಿಗೆ ಗೊತ್ತಿಲ್ಲ. ಎಲ್ಲ ಮುಗಿಯಿತು ಅಂದುಕೊಂಡು ಚಿತೆ ಏರಿ ತನ್ನನ್ನೇ ಸುಟ್ಟುಕೊಳ್ಳುತ್ತಾನೆ. ಎಲ್ಲವನ್ನೂ ನೋಡುವ ಶಕ್ತಿ ಇದ್ದವನು ಏನೂ ಅರ್ಥವಾಗದೆ ಸಾಯುವ ಕಥೆ ಇದು. ಅದೇ ಪುಸ್ತಕದ ಸಾರುಮಾನ್ ಕೂಡ ಅಂಥದೇ ಕಲ್ಲಿನಿಂದ ಹಾಳಾಗುತ್ತಾನೆ. ಇದನ್ನೆಲ್ಲ ಓದಿದ ಮೇಲೂ ಜನರ ಮೇಲೆ ಕಣ್ಣಿಡುವ ಸಾಧನಕ್ಕೆ ಆ ಹೆಸರು ಇಡಬೇಕಾದರೆ, ಓದುವಾಗ ಕಲ್ಲು ಮಾತ್ರ ಕಣ್ಣಿಗೆ ಬಿದ್ದಿರಬೇಕು.

‘ಸ್ನೋ ಕ್ರ್ಯಾಶ್’ ಕೂಡ ಹಾಗೇ. ಅದರಲ್ಲಿ ಅಮೆರಿಕದ ಸರ್ಕಾರ ಅನ್ನುವುದು ಹೆಸರಿಗೆ ಮಾತ್ರ ಉಳಿದಿದೆ, ಊರುಗಳೆಲ್ಲ ಕಂಪನಿಗಳ ಫ್ರಾಂಚೈಸಿ ಆಗಿವೆ, ಪಿಜ್ಜಾ ತಲುಪಿಸುವ ವ್ಯವಹಾರ ಮಾಫಿಯಾದ ಕೈಯಲ್ಲಿದೆ. ಕಥಾನಾಯಕ ಮನೆಯಿಲ್ಲದೆ, ಸಾಮಾನು ಇಡುವ ಬಾಡಿಗೆ ಗೋದಾಮಿನ ಒಂದು ಖಾನೆಯಲ್ಲಿ ಇನ್ನೊಬ್ಬನ ಜತೆ ಬದುಕುತ್ತಾನೆ. ಅವನು ಕನ್ನಡಕ ಹಾಕಿಕೊಂಡು ಮೆಟಾವರ್ಸ್‌ಗೆ ಹೋಗುವುದು ಯಾಕೆ ಅಂತ ಬೇರೆ ಹೇಳಬೇಕಾ? ಹೊರಗೆ ಬದುಕಲು ಏನೂ ಉಳಿದಿಲ್ಲ, ಅದಕ್ಕೆ. ಕಾದಂಬರಿಯ ಪಾಲಿಗೆ ಮೆಟಾವರ್ಸ್ ಆ ಕುಸಿದ ಊರಿನ ಲಕ್ಷಣ. ಕಂಪನಿಯ ಪಾಲಿಗೆ ಅದು ಮಾರುವ ಸಾಮಾನು. ಬ್ರಿಟನ್ನಿನ ವಿಜ್ಞಾನ ಕಥೆಗಾರ ಚಾರ್ಲ್ಸ್ ಸ್ಟ್ರಾಸ್ 2023ರ ಕೊನೆಯಲ್ಲಿ ಇದೇ ವಿಷಯ ಹಿಡಿದು, ಚಿಕ್ಕವರಿದ್ದಾಗ ಓದಿದ ಕಥೆಗಳನ್ನು ನಿಜ ಮಾಡಲು ಹೊರಟಿರುವ ಕೋಟ್ಯಧಿಪತಿಗಳು ದಯವಿಟ್ಟು ನಿಲ್ಲಿಸಬೇಕು ಅನ್ನುವ ಅರ್ಥದಲ್ಲಿ ಲೇಖನ ಬರೆದರು. ಕಥೆ ಬರೆಯುವವನೇ ಹಾಗೆ ಕೇಳಿಕೊಳ್ಳಬೇಕಾಗಿ ಬಂದಿದೆ.

ಹಾಗಾದರೆ ಸರಿಯಾದ ಓದು ಯಾವುದು? ಒಂದೇ ಅಂತ ಇಲ್ಲ. ಆದರೆ ಐವತ್ತು ಅರವತ್ತು ವರ್ಷಗಳಲ್ಲಿ ಈ ಅಧ್ಯಯನ ಕೆಲವು ಪ್ರಶ್ನೆಗಳನ್ನು ಕೇಳುವುದನ್ನು ರೂಢಿ ಮಾಡಿಕೊಟ್ಟಿದೆ. ಉರ್ಸುಲಾ ಲೆ ಗ್ವಿನ್ 1976ರಲ್ಲಿ ತಮ್ಮದೇ ಕಾದಂಬರಿಗೆ ಬರೆದ ಮುನ್ನುಡಿಯಲ್ಲಿ ವಿಜ್ಞಾನ ಕಥೆ ಇರುವುದು ಮುಂದಾಗುವುದನ್ನು ಹೇಳಲಿಕ್ಕೆ ಅಲ್ಲ, ಈಗ ಇರುವುದನ್ನು ಬಣ್ಣಿಸಲಿಕ್ಕೆ ಅಂದರು. ಅದಕ್ಕೂ ಸ್ವಲ್ಪ ಮೊದಲು, 1972ರಲ್ಲಿ, ಡಾರ್ಕೋ ಸುವಿನ್ ಅನ್ನುವ ವಿದ್ವಾಂಸರು ಇದೇ ಮಾತನ್ನು ಸಿದ್ಧಾಂತವಾಗಿ ಕಟ್ಟಿದ್ದರು. ಇವರು ಈಗಿನ ಕ್ರೊಯೇಷಿಯಾದ ಜಾಗ್ರೆಬ್‌ನಲ್ಲಿ ಹುಟ್ಟಿದವರು, ಕೆನಡಾದ ಮಾಂಟ್ರಿಯಲ್‌ನಲ್ಲಿ ಪಾಠ ಮಾಡಿದವರು. ಅವರ ವಾದವನ್ನು ನಮ್ಮ ಮಾತಿನಲ್ಲಿ ಹೀಗೆ ಹೇಳಬಹುದು. ವಿಜ್ಞಾನ ಕಥೆ ನಮ್ಮ ಲೋಕದಲ್ಲಿ ಇಲ್ಲದ ಒಂದು ಹೊಸ ವಸ್ತುವನ್ನೋ ವ್ಯವಸ್ಥೆಯನ್ನೋ ತಂದು ಇಡುತ್ತದೆ. ಅದನ್ನು ಸುಮ್ನೆ ಮಂತ್ರ ಅಂತ ಬಿಡದೆ ತರ್ಕಕ್ಕೆ ಸಿಗುವ ಹಾಗೆ ಬೆಳೆಸುತ್ತದೆ. ಆಗ ಓದುವವನಿಗೆ ತಾನು ದಿನಾ ಬದುಕುವ ಲೋಕವೇ ಅಪರಿಚಿತ ಅನ್ನಿಸಲು ಶುರುವಾಗುತ್ತದೆ. ಕಥೆ ಮಾಡುವ ಕೆಲಸ ಅದು.

ಒಂದು ಉದಾಹರಣೆ ಇಟ್ಟುಕೊಂಡರೆ ಇದು ಸಲೀಸಾಗಿ ಗೊತ್ತಾಗುತ್ತದೆ. ಬಂಗಾಳದ ಬೇಗಂ ರೋಕೆಯಾ 1905ರಲ್ಲಿ ‘ಸುಲ್ತಾನಾಸ್ ಡ್ರೀಮ್’ ಅನ್ನುವ ಸಣ್ಣ ಕಥೆ ಬರೆದರು. ಮದ್ರಾಸಿನಿಂದ ಬರುತ್ತಿದ್ದ ಇಂಗ್ಲಿಷ್ ಮಹಿಳಾ ಪತ್ರಿಕೆಯೊಂದರಲ್ಲಿ ಅದು ಅಚ್ಚಾಯಿತು. ಅದರಲ್ಲಿ ಒಂದು ದೇಶ ಇದೆ, ಅಲ್ಲಿ ಗಂಡಸರು ಮನೆಯೊಳಗೆ ಪರದೆಯಲ್ಲಿರುತ್ತಾರೆ, ಹೆಂಗಸರು ಬಿಸಿಲಿನ ಶಾಖ ಹಿಡಿದಿಟ್ಟು ಅಡುಗೆ ಮಾಡುತ್ತಾರೆ, ಮೋಡದಿಂದ ನೇರವಾಗಿ ನೀರು ಇಳಿಸಿಕೊಳ್ಳುತ್ತಾರೆ, ಯುದ್ಧವನ್ನೂ ಅದೇ ಶಾಖದಿಂದ ಗೆಲ್ಲುತ್ತಾರೆ. ಇದನ್ನು ಓದಿ ‘ನೋಡಿ, ಸೋಲಾರ್ ಬಗ್ಗೆ ಆಗಲೇ ಹೇಳಿಬಿಟ್ಟಿದ್ದರು’ ಅಂತ ಚಪ್ಪಾಳೆ ತಟ್ಟುವವರು ಇದ್ದಾರೆ. ಅದು ಕಥೆಗೆ ಮಾಡುವ ಅನ್ಯಾಯ. ಗಂಡಸರು ಒಳಗೆ ಕೂತರೆ ನಮಗೆ ನಗು ಬರುತ್ತದೆ, ಹೆಂಗಸರು ಒಳಗೆ ಕೂತರೆ ಯಾಕೆ ನಗು ಬರುವುದಿಲ್ಲ? ರೋಕೆಯಾ ಕೇಳಿದ್ದು ಅದನ್ನು. ಬಿಸಿಲಿನ ಯಂತ್ರ ಇರುವುದು ಆ ಪ್ರಶ್ನೆಯನ್ನು ಹೊತ್ತು ತರಲಿಕ್ಕೆ.

ಫ್ಯಾಂಟಸಿ ಬಗ್ಗೆ ಇಂಥ ಯೋಚನೆ ಇನ್ನೂ ಹಳೆಯದು. 1939ರಲ್ಲಿ ಸ್ಕಾಟ್ಲೆಂಡಿನ ಸೇಂಟ್ ಆಂಡ್ರ್ಯೂಸ್‌ನಲ್ಲಿ ಟೋಲ್ಕಿನ್ ಒಂದು ಉಪನ್ಯಾಸ ಕೊಟ್ಟರು, ಆಗ ಅವರು ಆಕ್ಸ್‌ಫರ್ಡ್‌ನಲ್ಲಿ ಹಳೆಯ ಇಂಗ್ಲಿಷ್ ಕಲಿಸುವ ಮೇಷ್ಟ್ರು. ಕಥೆಗಾರ ಎರಡನೆಯದೊಂದು ಲೋಕ ಕಟ್ಟುತ್ತಾನೆ, ಓದುವವನು ಒಳಗೆ ಇರುವಷ್ಟು ಹೊತ್ತು ಅದರ ನಿಯಮಗಳನ್ನು ನಂಬುತ್ತಾನೆ, ಹೊರಗೆ ಬಂದಾಗ ತನ್ನ ಲೋಕದ ಮರ, ಕಲ್ಲು, ಅನ್ನ ಎಲ್ಲ ತೊಳೆದಿಟ್ಟ ಹಾಗೆ ಕಾಣುತ್ತವೆ ಅನ್ನುವುದು ಅದರ ಸಾರ. ಒಳಗೆ ಹೋಗುವುದು ಎಷ್ಟು ಮುಖ್ಯವೋ ಹೊರಗೆ ಬರುವುದೂ ಅಷ್ಟೇ ಮುಖ್ಯ. ಇವತ್ತಿನ ತೊಂದರೆ ಏನಂದರೆ ಕೆಲವರು ಹೊರಗೆ ಬರುತ್ತಿಲ್ಲ, ಬರುವವರು ಆ ಲೋಕದ ಸಾಮಾನನ್ನೂ ಹೊತ್ತು ತರುತ್ತಿದ್ದಾರೆ.

ಈ ಅಧ್ಯಯನ ಮೇಷ್ಟ್ರುಗಳಿಂದ ಶುರುವಾದದ್ದಲ್ಲ ಅನ್ನುವುದನ್ನೂ ಇಲ್ಲೇ ಹೇಳಬೇಕು. 1926ರ ಏಪ್ರಿಲ್‌ನಲ್ಲಿ ಹ್ಯೂಗೋ ಗರ್ನ್ಸ್‌ಬ್ಯಾಕ್ ನ್ಯೂಯಾರ್ಕಿನಲ್ಲಿ ಬರೀ ವಿಜ್ಞಾನ ಕಥೆಗಳಿಗೇ ಅಂತ ‘ಅಮೇಜಿಂಗ್ ಸ್ಟೋರೀಸ್’ ತಂದರು. ಓದುಗರ ಪತ್ರಗಳ ಜತೆ ಅವರ ವಿಳಾಸವನ್ನೂ ಅಚ್ಚು ಹಾಕುತ್ತಿದ್ದರು. ಹುಡುಗರು ಒಬ್ಬರಿಗೊಬ್ಬರು ಕಾಗದ ಬರೆದರು, ಸಂಘ ಕಟ್ಟಿದರು, ಪತ್ರಿಕೆಗಳನ್ನು ಕೂಡಿಟ್ಟರು. ಮುಖ್ಯವಾಗಿ ಪಟ್ಟಿ ಮಾಡಿದರು, ಯಾವ ಕಥೆ, ಯಾರು ಬರೆದದ್ದು, ಯಾವ ಸಂಚಿಕೆ ಅಂತ. 1948ರಲ್ಲೇ ಎವರೆಟ್ ಬ್ಲೈಲರ್ ಅದ್ಭುತ ಸಾಹಿತ್ಯದ ಒಂದು ದೊಡ್ಡ ಪಟ್ಟಿ ಪ್ರಕಟಿಸಿದರು. ಕ್ಯಾಲಿಫೋರ್ನಿಯಾದ ಲಾಯ್ಡ್ ಈಟನ್ ಅನ್ನುವ ಡಾಕ್ಟರ್ ಕೂಡಿಟ್ಟಿದ್ದ ಸುಮಾರು 7,500 ಪುಸ್ತಕಗಳನ್ನು 1969ರಲ್ಲಿ ರಿವರ್‌ಸೈಡ್‌ನ ವಿಶ್ವವಿದ್ಯಾಲಯ ಕೊಂಡುಕೊಂಡಿತು, ಇವತ್ತು ಅದು ಈ ಬಗೆಯ ಅತಿ ದೊಡ್ಡ ಸಂಗ್ರಹಗಳಲ್ಲಿ ಒಂದು. ಲೇಖಕಿ ಜುಡಿತ್ ಮೆರಿಲ್ 1970ರಲ್ಲಿ ತಮ್ಮ ಪುಸ್ತಕಗಳನ್ನೆಲ್ಲ ಟೊರೊಂಟೊದ ಸಾರ್ವಜನಿಕ ಗ್ರಂಥಾಲಯಕ್ಕೆ ಕೊಟ್ಟುಬಿಟ್ಟರು. 1959ರಲ್ಲಿ ‘ಎಕ್ಸ್‌ಟ್ರಪೊಲೇಷನ್’, 1972ರಲ್ಲಿ ಬ್ರಿಟನ್ನಿನ ‘ಫೌಂಡೇಷನ್’, 1973ರಲ್ಲಿ ಸುವಿನ್ ಮತ್ತು ಮಲ್ಲೆನ್ ಸೇರಿ ತಂದ ‘ಸೈನ್ಸ್ ಫಿಕ್ಷನ್ ಸ್ಟಡೀಸ್’ ಅನ್ನುವ ಅಧ್ಯಯನ ಪತ್ರಿಕೆಗಳು ಬಂದವು. ಈ ಪತ್ರಿಕೆಗಳೆಲ್ಲ ಎದ್ದು ನಿಂತದ್ದು ಓದುಗರು ಮಾಡಿದ ಆ ಪಟ್ಟಿಗಳ ಮೇಲೆ, ಆ ಕೂಡಿಟ್ಟ ಕಾಗದದ ಮೇಲೆ.

ಪಟ್ಟಿ ಇದ್ದರೆ ಏನು ಸಿಗುತ್ತದೆ? ಇಸವಿ ಸಿಗುತ್ತದೆ. ಒಂದು ಕಥೆ ಯಾವಾಗ ಹುಟ್ಟಿತು ಅಂತ ಗೊತ್ತಾದರೆ ಅದು ಯಾವ ಹೊತ್ತಿನ ಆಸೆ, ಯಾವ ಹೊತ್ತಿನ ಭಯ ಅಂತ ಕೇಳಬಹುದು. ಇಸವಿ ತಪ್ಪಿದರೆ ಎಲ್ಲ ತಪ್ಪುತ್ತದೆ. ಇದಕ್ಕೆ ನಮ್ಮ ನೆಲದ್ದೇ ಒಂದು ಉದಾಹರಣೆ ಇದೆ, ಅದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು.

‘ವೈಮಾನಿಕ ಶಾಸ್ತ್ರ’ದ ಹೆಸರು ಕೇಳದವರು ಕಡಿಮೆ. ಭರದ್ವಾಜ ಮಹರ್ಷಿ ಬರೆದ ವಿಮಾನ ಕಟ್ಟುವ ಗ್ರಂಥ ಅಂತ ವಾಟ್ಸ್ಯಾಪ್‌ನಲ್ಲಿ ಇವತ್ತಿಗೂ ಓಡಾಡುತ್ತಿದೆ. ಇದು ನಮಗೆ ಸಿಕ್ಕದ್ದು ಆನೇಕಲ್‌ನ ಪಂಡಿತ ಸುಬ್ಬರಾಯ ಶಾಸ್ತ್ರಿಗಳಿಂದ. 1918ರಿಂದ 1923ರ ನಡುವೆ ಅವರು ಶ್ಲೋಕಗಳನ್ನು ಹೇಳುತ್ತಾ ಹೋದರು, ವೆಂಕಟಾಚಲ ಶರ್ಮರು ಬರೆದುಕೊಂಡರು. ಋಷಿಯ ಕೃಪೆಯಿಂದ ಅದು ತಮಗೆ ಒಳಗಿನಿಂದ ಬರುತ್ತಿದೆ ಅನ್ನುವುದು ಶಾಸ್ತ್ರಿಗಳ ನಂಬಿಕೆ. ಎಲ್ಲಪ್ಪ ಅನ್ನುವವರು ಚಿತ್ರ ಬರೆದುಕೊಟ್ಟರು, ಅವರು ಬೆಂಗಳೂರಿನ ಎಂಜಿನಿಯರಿಂಗ್ ಕಾಲೇಜೊಂದರಲ್ಲಿ ನಕ್ಷೆ ತೆಗೆಯುವ ಕೆಲಸದಲ್ಲಿದ್ದವರು, ಯಂತ್ರದ ಭಾಗಗಳ ಹೆಸರು ವಿವರ ಗೊತ್ತಿದ್ದವರು. ಮೈಸೂರಿನ ಜೋಸ್ಯರ್ ಅದರ ಇಂಗ್ಲಿಷ್ ಅನುವಾದವನ್ನು 1973ರಲ್ಲಿ ಪ್ರಕಟಿಸಿದರು. ಮರುವರ್ಷವೇ, 1974ರಲ್ಲಿ, ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್.ಎಸ್. ಮುಕುಂದ, ಎಸ್.ಎಂ. ದೇಶಪಾಂಡೆ ಮತ್ತು ಇತರರು ಸೇರಿ ಅದರ ಬಗ್ಗೆ ಒಂದು ಅಧ್ಯಯನ ಮಾಡಿದರು. ಶಕುನ, ಸುಂದರ, ರುಕ್ಮ, ತ್ರಿಪುರ ಅನ್ನುವ ನಾಲ್ಕು ವಿಮಾನಗಳ ವಿವರ ತೆಗೆದುಕೊಂಡು ಲೆಕ್ಕ ಹಾಕಿದರು. ಯಾವುದೂ ಹಾರುವುದಿಲ್ಲ.

ಎಲ್ಲರೂ ಹೇಳುವುದು ಅಷ್ಟನ್ನೇ. ನನಗೆ ದೊಡ್ಡದಾಗಿ ಕಾಣುವುದು ಅವರು ಮಾಡಿದ ಇನ್ನೊಂದು ಕೆಲಸ. ಅವರು ಭಾಷೆ ನೋಡಿದರು, ಛಂದಸ್ಸು ನೋಡಿದರು, ಇದು ವೇದಕಾಲದ ಸಂಸ್ಕೃತ ಅಲ್ಲ, ಈಚಿನ ಸರಳ ಸಂಸ್ಕೃತ ಅಂತ ಗುರುತಿಸಿದರು. ಪಠ್ಯ ಯಾರಿಂದ ಯಾರಿಗೆ ಹೇಗೆ ಬಂತು ಅಂತ ಜನರನ್ನು ಕೇಳಿ ಪತ್ತೆ ಹಚ್ಚಿದರು. 1904ಕ್ಕಿಂತ ಹಿಂದೆ ಇದು ಇರಲಿಕ್ಕೆ ಸಾಧ್ಯವಿಲ್ಲ ಅಂತ ತೀರ್ಮಾನಿಸಿದರು. ವಿಮಾನದ ಎಂಜಿನಿಯರುಗಳು ಕೂತು ಸಾಹಿತ್ಯ ಚರಿತ್ರೆಕಾರರ ಕೆಲಸ ಮಾಡಿದರು. ಮಾಡಬೇಕಾದವರು ಮಾಡಿರಲಿಲ್ಲ.

ಅವರು ಎಲ್ಲಿಗೆ ನಿಲ್ಲಿಸಿದರೋ ಅಲ್ಲಿಂದ ಕಥೆಯ ಅಧ್ಯಯನ ಶುರುವಾಗಬೇಕಿತ್ತು. 1903ರ ಡಿಸೆಂಬರಿನಲ್ಲಿ ರೈಟ್ ಸೋದರರು ಹಾರಿದರು. 1911ರ ಫೆಬ್ರುವರಿಯಲ್ಲಿ ಅಲಹಾಬಾದಿನಲ್ಲಿ ವಿಮಾನದಲ್ಲಿ ಅಂಚೆ ಹೋಯಿತು. ಮೊದಲ ಮಹಾಯುದ್ಧದಲ್ಲಿ ವಿಮಾನಗಳು ಬಾಂಬು ಹಾಕಿದವು. ಆ ಯುದ್ಧ ಮುಗಿಯುತ್ತಿದ್ದ ವರ್ಷವೇ ಆನೇಕಲ್‌ನ ಒಬ್ಬ ಸಂಸ್ಕೃತ ಪಂಡಿತರು ಮೈಲಿಗಟ್ಟಲೆ ದೂರದ ಶತ್ರುವನ್ನು ನೋಡುವ, ಕಣ್ಣಿಗೆ ಕಾಣದಂತೆ ಮರೆಯಾಗುವ ವಿಮಾನಗಳ ಬಗ್ಗೆ ಶ್ಲೋಕ ಹೇಳಲು ಶುರು ಮಾಡುತ್ತಾರೆ. ಪರದೇಶದ ಯಂತ್ರ ಆಕಾಶವನ್ನೂ ಹಿಡಿದಿರುವ ಹೊತ್ತಿನಲ್ಲಿ, ಆಳಿಸಿಕೊಳ್ಳುತ್ತಿರುವ ಒಂದು ದೇಶದ ಒಬ್ಬ ಬಡ ವಿದ್ವಾಂಸ, ಆ ಆಕಾಶ ಮೊದಲು ನಮ್ಮದಾಗಿತ್ತು ಅಂತ ಹೇಳಿಕೊಳ್ಳುತ್ತಿದ್ದಾರೆ. ನನಗೆ ಇದರಲ್ಲಿ ಮೋಸ ಕಾಣುವುದಿಲ್ಲ. ತುಂಬಾ ನೋವು ಕಾಣುತ್ತದೆ, ಅಷ್ಟೇ ದೊಡ್ಡ ಕಲ್ಪನಾಶಕ್ತಿಯೂ ಕಾಣುತ್ತದೆ. ವಿಜ್ಞಾನ ಅಂತ ತೂಗಿದರೆ ಅದು ಸೋಲುತ್ತದೆ. 1918ರ ಕಲ್ಪನಾ ಸಾಹಿತ್ಯ ಅಂತ ಓದಿದರೆ ವಸಾಹತು ಕಾಲದ ಕರ್ನಾಟಕದ ಮನಸ್ಸನ್ನು ಅದರಷ್ಟು ತೆರೆದು ತೋರಿಸುವ ಪಠ್ಯ ಸುಲಭಕ್ಕೆ ಸಿಗುವುದಿಲ್ಲ.

ಶಾಸ್ತ್ರಿಗಳು ಕಥೆ ಬರೆಯುತ್ತಿದ್ದೇನೆ ಅಂದುಕೊಂಡಿರಲಿಲ್ಲವಲ್ಲ, ಅದನ್ನು ಕಥೆ ಅನ್ನುವುದು ಸರಿಯಾ? ನ್ಯಾಯವಾದ ಪ್ರಶ್ನೆ. ಇದಕ್ಕೆ ಯುರೋಪಿನಲ್ಲಿ ಒಂದು ಹಳೆಯ ಮಾದರಿ ಇದೆ, ಅದರಲ್ಲಿ ಕನ್ನಡ ಸೀಮೆಯೂ ಬರುತ್ತದೆ. ಜಿನೀವಾದಲ್ಲಿ 1890ರ ದಶಕದಲ್ಲಿ ಎಲೆನ್ ಸ್ಮಿತ್ ಅನ್ನುವ ಹೆಸರಿನಲ್ಲಿ ಒಬ್ಬ ಹೆಂಗಸು ಮೈಮರೆತ ಸ್ಥಿತಿಯಲ್ಲಿ ಮಾತಾಡುತ್ತಿದ್ದಳು. ಮಂಗಳ ಗ್ರಹಕ್ಕೆ ಹೋಗಿ ಬಂದೆ ಅನ್ನುತ್ತಿದ್ದಳು, ಅಲ್ಲಿನ ಭಾಷೆ ಮಾತಾಡಿ, ಬರೆದೂ ತೋರಿಸುತ್ತಿದ್ದಳು. ಹಿಂದಿನ ಜನ್ಮದಲ್ಲಿ ಕನ್ನಡ ಸೀಮೆಯಲ್ಲಿ ಶಿವರೂಕ ನಾಯಕ ಅನ್ನುವ ದೊರೆಯ ಹೆಂಡತಿಯಾಗಿದ್ದೆ, ಅವನು 1401ರಲ್ಲಿ ಚಂದ್ರಗಿರಿ ಕೋಟೆ ಕಟ್ಟಿಸಿದ ಅಂತಲೂ ಹೇಳುತ್ತಿದ್ದಳು. ಮನಶ್ಶಾಸ್ತ್ರಜ್ಞ ಥಿಯೋಡೋರ್ ಫ್ಲೂರ್ನ್ವಾ ವರ್ಷಗಳ ಕಾಲ ಕೂತು ಕೇಳಿದರು. ಭಾಷಾವಿಜ್ಞಾನದ ದೊಡ್ಡ ಹೆಸರು ಸೊಸ್ಯೂರ್ ಅವರಿಂದ ಅವಳ ‘ಸಂಸ್ಕೃತ’ವನ್ನು ಪರೀಕ್ಷೆ ಮಾಡಿಸಿದರು. ಮಂಗಳದ ಭಾಷೆಯ ಒಳಗೆ ಫ್ರೆಂಚ್ ವ್ಯಾಕರಣ ಇದೆ ಅಂತ ತೋರಿಸಿದರು. ದೊರೆಯ ಕಥೆಯ ಮೂಲವನ್ನು ಒಂದು ಹಳೆಯ ಫ್ರೆಂಚ್ ಇತಿಹಾಸ ಪುಸ್ತಕದಲ್ಲಿ ಹುಡುಕಿ ತೆಗೆದರು. ಇಷ್ಟಾದ ಮೇಲೂ ಅವಳನ್ನು ಸುಳ್ಳಿ ಅನ್ನಲಿಲ್ಲ. ಅವಳಿಗೇ ಗೊತ್ತಿಲ್ಲದಂತೆ ಅವಳ ಮನಸ್ಸು ಕಥೆ ಕಟ್ಟುತ್ತಿದೆ ಅಂದರು, ಆ ಕಟ್ಟುವಿಕೆಯನ್ನು ಗೌರವದಿಂದ ಬಿಡಿಸಿ ಬರೆದರು. ಸುಬ್ಬರಾಯ ಶಾಸ್ತ್ರಿಗಳಿಗೆ ಅಂಥ ಒಬ್ಬ ಓದುಗ ಸಿಗಲಿಲ್ಲ. ಸಿಕ್ಕಿದ್ದು ಎರಡೇ ಗುಂಪು, ಪೂರ್ತಿ ನಂಬಿದವರು, ಪೂರ್ತಿ ತಳ್ಳಿಹಾಕಿದವರು.

ಹಾಗಾಗಿ 2015ರ ಜನವರಿಯಲ್ಲಿ ಮುಂಬೈನ ಭಾರತೀಯ ವಿಜ್ಞಾನ ಕಾಂಗ್ರೆಸ್‌ನಲ್ಲಿ ಪ್ರಾಚೀನ ವಿಮಾನಗಳ ಮೇಲೆ ಪ್ರಬಂಧ ಮಂಡನೆಯಾದಾಗ, ನಾಲ್ಕು ದಶಕದ ಹಿಂದೆಯೇ ಬೆಂಗಳೂರಿನಲ್ಲಿ ಮುಗಿದ ವಿಚಾರ ಮತ್ತೆ ಮೊದಲಿನಿಂದ ಶುರುವಾಯಿತು.

ನಮ್ಮ ಹಿಂದಿನವರಿಗೆ ಕಥೆಯನ್ನು ಕಥೆಯಾಗಿ ಇಟ್ಟುಕೊಳ್ಳುವುದು ಗೊತ್ತಿತ್ತು ಅನ್ನಲಿಕ್ಕೆ ಪಂಚತಂತ್ರ ಪರಂಪರೆಯ ಒಂದು ಕಥೆ ಸಾಕು. ಒಬ್ಬ ನೇಕಾರ ರಾಜಕುಮಾರಿಯನ್ನು ಕಂಡು ಮರುಳಾಗುತ್ತಾನೆ. ಗೆಳೆಯ ಬಡಗಿ ಅವನಿಗೆ ಮರದ ಗರುಡ ಯಂತ್ರ ಮಾಡಿಕೊಡುತ್ತಾನೆ. ಅದರ ಮೇಲೆ ಹಾರಿ ಹೋಗಿ ತಾನೇ ವಿಷ್ಣು ಅಂತ ನಂಬಿಸಿ ಅವಳನ್ನು ಮದುವೆಯಾಗುತ್ತಾನೆ. ಅಳಿಯ ವಿಷ್ಣುವೇ ಅಂತ ರಾಜನಿಗೆ ಧೈರ್ಯ ಬಂದು ಅಕ್ಕಪಕ್ಕದ ರಾಜರ ಮೇಲೆಲ್ಲ ಜಗಳ ತೆಗೆಯುತ್ತಾನೆ, ಅವರು ಸೇರಿ ಮುತ್ತಿಗೆ ಹಾಕುತ್ತಾರೆ. ಕೊನೆಗೆ ನಿಜವಾದ ವಿಷ್ಣು, ಇವನು ಸತ್ತರೆ ತನ್ನ ಹೆಸರು ಕೆಡುತ್ತದೆ ಅಂತ, ನೇಕಾರನ ಮೈಯೊಳಗೆ ಬಂದು ಯುದ್ಧ ಗೆದ್ದುಕೊಡಬೇಕಾಗುತ್ತದೆ. ಇದನ್ನು ಹಿಡಿದು ಆಗಲೇ ಮರದ ವಿಮಾನ ಇತ್ತು ಅನ್ನುವವರು ಕಥೆಯ ಒಳಗಿನ ರಾಜನ ಜಾಗದಲ್ಲೇ ನಿಂತಿದ್ದಾರೆ. ಯಂತ್ರ ಕಂಡು ದೇವರು ಅಂತ ನಂಬಿ ಯುದ್ಧಕ್ಕೆ ಹೊರಡುವ ಅಧಿಕಾರದ ಬಗ್ಗೆ ಇಷ್ಟು ಚುರುಕಾದ ಕಥೆ ಇಟ್ಟುಕೊಂಡು, ನಾವು ಮರದ ಅಳತೆ ಹುಡುಕುತ್ತಿದ್ದೇವೆ ಅಲ್ವಾ?

ಹಾಗಂತ ಹೊರಗಿನ ಸಿದ್ಧಾಂತಗಳನ್ನು ತಂದು ಹಾಗೇ ಹಾಕಿದರೆ ನಡೆಯುವುದಿಲ್ಲ. ಸುವಿನ್ ಅವರ ಜರಡಿ ತುಂಬಾ ಸಣ್ಣದು. ತರ್ಕಕ್ಕೆ ಸಿಗದ್ದನ್ನೆಲ್ಲ, ಅಂದರೆ ಫ್ಯಾಂಟಸಿ, ಜಾನಪದ, ಪುರಾಣ ಎಲ್ಲವನ್ನೂ ಅವರು ಆಚೆ ಇಟ್ಟ ರೀತಿ ಬಹಳ ಕಾಲ ಈ ಅಧ್ಯಯನವನ್ನು ಕುಗ್ಗಿಸಿತು. ಅವರೇ 2000ದಲ್ಲಿ ಫ್ಯಾಂಟಸಿ ಬಗ್ಗೆ ಮತ್ತೆ ಯೋಚಿಸಿ ಬರೆದರು. ಅದೇ ವರ್ಷ ವಿಮರ್ಶಕ ಕಾರ್ಲ್ ಫ್ರೀಡ್‌ಮನ್, ಕಥೆಯಲ್ಲಿ ಬೇಕಾದ್ದು ನಿಜವಾದ ವಿಜ್ಞಾನ ಅಲ್ಲ, ಕಥೆ ತನ್ನೊಳಗೆ ಹುಟ್ಟಿಸುವ ವಿಜ್ಞಾನದ ಅನಿಸಿಕೆ ಅಷ್ಟೇ ಅಂತ ತಿದ್ದಿದರು. ಬ್ರಿಟನ್ನಿನ ಕಾದಂಬರಿಕಾರ ಚೈನಾ ಮಿಯೆವಿಲ್ 2009ರಲ್ಲಿ ಇನ್ನೂ ಮುಂದೆ ಹೋಗಿ, ಆ ಅನಿಸಿಕೆ ಬರುವುದು ತಿಳಿದವನು ಹೇಳಿದ ಅನ್ನುವ ಅಧಿಕಾರದಿಂದ, ಓದುವವನು ಅದಕ್ಕೆ ತಲೆಬಾಗುತ್ತಾನೆ ಅಂದರು. ಈ ಮಾತು ನಮಗೆ ಬಹಳ ಉಪಯೋಗಕ್ಕೆ ಬರುತ್ತದೆ. ‘ವೈಮಾನಿಕ ಶಾಸ್ತ್ರ’ ಜನರ ಮೇಲೆ ಕೆಲಸ ಮಾಡುವುದು ಹೀಗೆಯೇ. ಅದರಲ್ಲಿ ಯಂತ್ರದ ಹೆಸರು ಇದೆ, ಋಷಿಯ ಹೆಸರೂ ಇದೆ, ಎರಡು ಅಧಿಕಾರ ಒಟ್ಟಿಗೆ ಬಂದು ಕೂತಿವೆ.

ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ವನ್ನು ಇದರ ಪಕ್ಕ ಇಟ್ಟು ನೋಡಿ. 1980ರ ಕಾದಂಬರಿ, ಮೂಡಿಗೆರೆ ಕಡೆಯ ಕಾಡು. ಒಂದು ಹಾರುವ ಓತಿಯ ಹಿಂದೆ ವಿಜ್ಞಾನಿ ಕರ್ವಾಲೊ, ನಿರೂಪಕ, ಮಂದಣ್ಣ, ಪ್ಯಾರ, ಬಿರಿಯಾನಿ ಕರಿಯಪ್ಪ, ಕಿವಿ ಅನ್ನುವ ನಾಯಿ ಎಲ್ಲ ಹೊರಡುತ್ತಾರೆ. ಹಾರುವ ಓತಿ ಪಶ್ಚಿಮ ಘಟ್ಟದಲ್ಲಿ ನಿಜಕ್ಕೂ ಇರುವ ಪ್ರಾಣಿ. ಆದ್ದರಿಂದ ಸುವಿನ್ ಲೆಕ್ಕದಲ್ಲಿ ಇದರಲ್ಲಿ ಹೊಸ ವಸ್ತು ಇಲ್ಲ, ಇದು ವಿಜ್ಞಾನ ಕಥೆ ಅಲ್ಲ. ಆದರೆ ಅವರು ಹೇಳಿದ ಆ ಕೆಲಸ, ಓದುವವನ ಲೋಕವನ್ನೇ ಅವನಿಗೆ ಅಪರಿಚಿತ ಮಾಡುವುದು, ಇಲ್ಲಿ ಆಗುವಷ್ಟು ಬೇರೆಲ್ಲೂ ಆಗುವುದಿಲ್ಲ. ಜೇನು ಹಿಡಿಯುತ್ತಾ ಅಲೆಯುವ, ಊರಿನವರ ಕಣ್ಣಿಗೆ ಯಾತಕ್ಕೂ ಬಾರದ ಮಂದಣ್ಣನಲ್ಲಿ ಕರ್ವಾಲೊ ಹುಟ್ಟು ನಿಸರ್ಗ ವಿಜ್ಞಾನಿಯನ್ನು ಕಾಣುತ್ತಾರೆ. ಅಧಿಕಾರ ತಲೆಕೆಳಗಾಗುತ್ತದೆ. ನಂಬುವುದಕ್ಕೆ ಯಾವ ಋಷಿಯೂ ಬೇಕಿಲ್ಲ, ನೋಡುವ ಕಣ್ಣು ಬೇಕು. ಕೊನೆಗೆ ಓತಿ ಕೈಗೆ ಸಿಗದೆ ಕಣಿವೆಯ ಕಡೆ ತೇಲಿ ಹೋಗುತ್ತದೆ, ಅದ್ಭುತ ಅದ್ಭುತವಾಗಿಯೇ ಉಳಿಯುತ್ತದೆ, ಆದರೆ ಯಾರೂ ಅದನ್ನು ಪವಾಡ ಅನ್ನುವುದಿಲ್ಲ. ಇದನ್ನು ಒಳಗೆ ಬಿಟ್ಟುಕೊಳ್ಳದ ವ್ಯಾಖ್ಯಾನ ಇದ್ದರೆ ವ್ಯಾಖ್ಯಾನವನ್ನೇ ತಿದ್ದಬೇಕು.

ತಿದ್ದುವ ಕೆಲಸ ಈಗ ನಡೆಯುತ್ತಿದೆ. ಓಸ್ಲೋ ವಿಶ್ವವಿದ್ಯಾಲಯದಲ್ಲಿ ಬೋಧಿಸತ್ತ್ವ ಚಟ್ಟೋಪಾಧ್ಯಾಯ ಅವರ ತಂಡ ಏಷ್ಯಾ, ಆಫ್ರಿಕಾಗಳ ಕಥೆಗಳನ್ನು ಅವುಗಳದೇ ಹೆಸರು, ಅವುಗಳದೇ ಪರಂಪರೆಯಲ್ಲಿ ಓದುತ್ತಿದೆ. ಸುಪರ್ಣೋ ಬ್ಯಾನರ್ಜಿ 2020ರಲ್ಲಿ, ಸಮಿ ಅಹ್ಮದ್ ಖಾನ್ 2021ರಲ್ಲಿ ಭಾರತದ ವಿಜ್ಞಾನ ಕಥೆಗಳ ಮೇಲೆ ಇಡೀ ಪುಸ್ತಕಗಳನ್ನು ತಂದರು. ಗ್ಲಾಸ್ಗೋ ವಿಶ್ವವಿದ್ಯಾಲಯ ಫ್ಯಾಂಟಸಿಗೇ ಅಂತ 2015ರಿಂದ ಸ್ನಾತಕೋತ್ತರ ಪದವಿ ಕೊಡುತ್ತಿದೆ. ಬಂಗಾಳಿಯ ಜಗದೀಶಚಂದ್ರ ಬೋಸ್ 1896ರಲ್ಲಿ ಬರೆದ ಕಥೆ, ಮರಾಠಿಯಲ್ಲಿ ಜಯಂತ ನಾರ್ಳೀಕರ್ 1974ರಲ್ಲಿ ಮರಾಠಿ ವಿಜ್ಞಾನ ಪರಿಷತ್ತಿನ ಸ್ಪರ್ಧೆಗೆ ಬೇರೆ ಹೆಸರಿನಲ್ಲಿ ಕಳಿಸಿ ಬಹುಮಾನ ಪಡೆದ ಕಥೆ, ಇವೆಲ್ಲ ಈಗ ಚರ್ಚೆಯ ಒಳಗೆ ಬಂದಿವೆ.

ಕನ್ನಡ ಎಲ್ಲಿದೆ? ರಾಜಶೇಖರ ಭೂಸನೂರಮಠರು ದಶಕಗಳ ಕಾಲ ವಿಜ್ಞಾನ ಕಥೆ ಬರೆದರು. ಅವರ ಕಥೆಯೊಂದು ಮತ್ತು ಸಂಜಯ ಹಾವನೂರರ ಕಥೆಯೊಂದು 1993ರಲ್ಲಿ ನ್ಯಾಷನಲ್ ಬುಕ್ ಟ್ರಸ್ಟ್ ತಂದ ಭಾರತೀಯ ವಿಜ್ಞಾನ ಕಥೆಗಳ ಇಂಗ್ಲಿಷ್ ಸಂಕಲನದಲ್ಲಿವೆ. ಹೊರಗಿನ ಸಂಶೋಧಕರಿಗೆ ಕನ್ನಡದ ವಿಜ್ಞಾನ ಕಥೆ ಅಂದರೆ ಬಹುಮಟ್ಟಿಗೆ ಆ ಕೆಲವು ಪುಟಗಳು. ಒಳಗೆ ಎಷ್ಟೋ ಇದೆ. ‘ಕಸ್ತೂರಿ’, ‘ಸುಧಾ’, ‘ಮಯೂರ’, ‘ತರಂಗ’, ಮಕ್ಕಳಿಗೆ ಬಂದ ‘ಚಂದಮಾಮ’, ‘ಬಾಲ ವಿಜ್ಞಾನ’ ಇವುಗಳ ಹಳೆಯ ಸಂಚಿಕೆಗಳಲ್ಲಿ ಚದುರಿಹೋಗಿದೆ. ಅಗ್ಗದ ಕಾಗದ, ಅದರಲ್ಲಿರುವ ಆಮ್ಲ ಅದನ್ನೇ ತಿನ್ನುತ್ತದೆ, ಮೊದಲು ಹಳದಿಯಾಗಿ ಆಮೇಲೆ ಅಂಚು ಉದುರುತ್ತದೆ. ಅಮೆರಿಕದ ಪತ್ರಿಕೆಗಳದ್ದೂ ಇದೇ ಗತಿ ಆಗುತ್ತಿತ್ತು, ಹುಚ್ಚು ಹಿಡಿದ ಓದುಗರು ಕೂಡಿಟ್ಟದ್ದರಿಂದ ಉಳಿಯಿತು.

ಕನ್ನಡ ವಿಭಾಗಗಳಲ್ಲಿ ಸಂಶೋಧನೆಗೆ ವಿಷಯ ಹುಡುಕುತ್ತಿರುವ ಹುಡುಗ ಹುಡುಗಿಯರಿಗೆ ನಾನು ಹೇಳುವುದು ಇಷ್ಟೇ, ಸಿದ್ಧಾಂತ ಆಮೇಲೆ ನೋಡೋಣ, ಮೊದಲು ಒಂದು ಪತ್ರಿಕೆ ಹಿಡಿಯಿರಿ. ಒಂದು ಜಿಲ್ಲಾ ಗ್ರಂಥಾಲಯ, ಒಂದು ಪತ್ರಿಕೆಯ ಹತ್ತು ವರ್ಷದ ಸಂಚಿಕೆಗಳು. ಕಥೆಯ ಹೆಸರು, ಲೇಖಕರು, ತಿಂಗಳು, ಇಸವಿ, ಪುಟ, ಕಥೆಯಲ್ಲಿ ಬರುವ ಅದ್ಭುತ ಯಾವುದು, ಅನುವಾದವೋ ಸ್ವತಂತ್ರವೋ, ಚಿತ್ರ ಬರೆದವರು ಯಾರು. ಇಷ್ಟು ಕಾಲಂ ಸಾಕು. ಫೋನಿನಲ್ಲೇ ಪುಟದ ಫೋಟೊ ತೆಗೆಯಬಹುದು, ಒಂದು ಸ್ಪ್ರೆಡ್‌ಶೀಟ್ ಎಲ್ಲರಿಗೂ ತೆರೆದಿಡಬಹುದು. ಹತ್ತು ಜನ ಹತ್ತು ಊರಿನಲ್ಲಿ ಮಾಡಿದರೆ ಯಾವ ವರ್ಷಗಳಲ್ಲಿ ಕನ್ನಡದವರು ಅಣುಬಾಂಬಿಗೆ ಹೆದರಿದರು, ಯಾವಾಗ ರೋಬೋ ಬಂತು, ಯಾವಾಗ ಅನ್ಯಗ್ರಹದವರು ಧಾರವಾಡದ ಕನ್ನಡ ಮಾತಾಡಿದರು ಅಂತ ಕಣ್ಣಿಗೆ ಕಾಣಲು ಶುರುವಾಗುತ್ತದೆ. ಆ ಪಟ್ಟಿಯಲ್ಲಿ ‘ವೈಮಾನಿಕ ಶಾಸ್ತ್ರ’ಕ್ಕೂ ಒಂದು ಸಾಲು ಇರಲಿ. ಊರು ಆನೇಕಲ್, ಹೇಳಿದವರು ಸುಬ್ಬರಾಯ ಶಾಸ್ತ್ರಿ, ಬರೆದುಕೊಂಡವರು ವೆಂಕಟಾಚಲ ಶರ್ಮ, ಚಿತ್ರ ಎಲ್ಲಪ್ಪ, ಇಸವಿ 1918ರಿಂದ 1923.